ಓದುಗರ ಪ್ರಶ್ನೆ: 25 ಲಕ್ಷದ ಮನೆ ಸಾಲಕ್ಕೆ ಒಟ್ಟು ಎಷ್ಟು ಕಟ್ಲಿಕ್ಕುಂಟು?

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ಮನೆ ಸಾಲದ್ದೇ. ಅದ್ರಲ್ಲಿ ನಾಲ್ಕನ್ನು ಆರಿಸಿದ್ದೇನೆ. ಮೊದಲನೇದಕ್ಕೆ ಉತ್ತರ ಸ್ವಲ್ಪ ಉದ್ದ ಆಗಿದೆ, ಆದ್ರೆ ಸಾಲಕ್ಕೆ ಹೊರಟವರೆಲ್ಲ ಅದನ್ನು ಪೂರ್ತಿ ಓದ್ಬೇಕು ಅಂತ ನನ್ನ ಆಸೆ.

ಪ್ರಶ್ನೆ: ನಮಸ್ಕಾರ ಅಣ್ಣ. ಬದಿಯಡ್ಕ ಹತ್ರ ನಮ್ದು ಹತ್ತು ಸೆಂಟ್ಸ್ ಜಾಗ ಉಂಟು, ಅದ್ರಲ್ಲಿ ಮನೆ ಕಟ್ಲಿಕ್ಕೆ ಹೊರಟಿದ್ದೇವೆ. ನಮ್ಮವರಿಗೆ 34 ವರ್ಷ, ಅನುದಾನಿತ ಶಾಲೆಯಲ್ಲಿ ಟೀಚರ್, ನಾನು ಮನೇಲೇ ಟೈಲರಿಂಗ್ ಮಾಡ್ತೇನೆ. 25 ಲಕ್ಷ ಸಾಲ ಬೇಕಾಗ್ತದೆ. ಬ್ಯಾಂಕಲ್ಲಿ ಬಡ್ಡಿ 8.5 ಪರ್ಸೆಂಟ್, 20 ವರ್ಷಕ್ಕಾದ್ರೆ ತಿಂಗಳಿಗೆ 21,700 ಹತ್ರ ಬರ್ತದೆ, 30 ವರ್ಷಕ್ಕೆ ಹಾಕಿದ್ರೆ 19,200 ಅಷ್ಟೇ, ನಿಮಗೆ ಆರಾಮ ಅಂತ ಹೇಳಿದ್ರು. ನಮ್ಮವರು 30 ವರ್ಷಕ್ಕೇ ಮಾಡುವ ಅಂತಾರೆ, ಅತ್ತೆ ಸಾಲವೇ ಬೇಡ ಅಂತಾರೆ. ಯಾವುದು ಸರಿ?

ಉತ್ತರ: ತಂಗೀ, ಬ್ಯಾಂಕಿನವರು ಹೇಳಿದ ಲೆಕ್ಕ ಸರಿಯೇ ಉಂಟು, ಆದ್ರೆ ಅದು ಅರ್ಧ ಲೆಕ್ಕ. ಇನ್ನರ್ಧ ನಾನು ಹೇಳ್ತೇನೆ, ಪೆನ್ನು ತಗೊಂಡು ಬರ್ಕೊಳ್ಳಿ. 25 ಲಕ್ಷಕ್ಕೆ 8.5 ಪರ್ಸೆಂಟಿನಲ್ಲಿ 20 ವರ್ಷದ ಇಎಂಐ (ತಿಂಗಳ ಕಂತು) 21,696, ಇದು 240 ಕಂತು, ಒಟ್ಟು ನೀವು ಕಟ್ಟುದು 52 ಲಕ್ಷ ಚಿಲ್ಲರೆ. ಅಂದ್ರೆ ಬಡ್ಡಿಯೇ 27 ಲಕ್ಷ. ಇನ್ನು 30 ವರ್ಷಕ್ಕೆ ಹಾಕಿದ್ರೆ ಇಎಂಐ 19,223, ಒಟ್ಟು 69 ಲಕ್ಷ 20 ಸಾವಿರ, ಬಡ್ಡಿ 44 ಲಕ್ಷ ದಾಟ್ತದೆ. ತಿಂಗಳಿಗೆ ಎರಡೂವರೆ ಸಾವಿರ ಕಡಿಮೆ ಆಯ್ತು ಅಂತ ಖುಷಿ ಪಡುವಾಗ ಅತ್ತ ಕಡೆ 17 ಲಕ್ಷ ಜಾಸ್ತಿ ಹೋಗ್ತಾ ಉಂಟು, ಅದು ಯಾರೂ ಬಾಯಿಬಿಟ್ಟು ಹೇಳುದಿಲ್ಲ, ನಾವೂ ಕೇಳುದಿಲ್ಲ. ಮತ್ತೆ 34ಕ್ಕೆ 30 ಸೇರಿಸಿದ್ರೆ 64, ಸಂಬಳ ನಿಂತು ಪೆನ್ಶನ್ನಿನಲ್ಲಿ ಮನೆ ನಡೆಸುವ ಕಾಲದಲ್ಲೂ ಕಂತು ಕಟ್ತಾ ಇರ್ಬೇಕಾಗ್ತದೆ. ಇದೇ ಸಾಲ 15 ವರ್ಷಕ್ಕಾದ್ರೆ ಇಎಂಐ 24,618, ಬಡ್ಡಿ 19 ಲಕ್ಷ 30 ಸಾವಿರದ ಹತ್ರಕ್ಕೆ ಇಳೀತದೆ.

ಇದು ಹೀಗೆ ಯಾಕೆ ಆಗ್ತದೆ ಅಂದ್ರೆ, ಬಡ್ಡಿ ಹಾಕುದು ಬಾಕಿ ಇರುವ ಅಸಲಿನ ಮೇಲೆ, ಶುರುವಿನಲ್ಲಿ ಬಾಕಿ ಪೂರ್ತಿ 25 ಲಕ್ಷ ಇರ್ತದಲ್ಲ, ಹಾಗಾಗಿ ನಿಮ್ಮ ಮೊದಲ ಕಂತು 21,696ರಲ್ಲಿ 17,708 ಬಡ್ಡಿಗೇ ಹೋಗ್ತದೆ, ಅಸಲಿಗೆ ಹೋಗುದು 3,988 ಮಾತ್ರ. ಐದು ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದ್ರೆ ನಿಮ್ಮ ಕೈಯಿಂದ 13 ಲಕ್ಷ ಹೋಗಿರ್ತದೆ, ಸಾಲ ಇಳಿದದ್ದು ಮೂರು ಲಕ್ಷಕ್ಕಿಂತ ಸ್ವಲ್ಪ ಕಮ್ಮಿ, ಇನ್ನೂ 22 ಲಕ್ಷ ಬಾಕಿ. ಅಸಲು ಅರ್ಧ ತೀರುವಾಗ ಹದಿನಾಲ್ಕನೇ ವರ್ಷ ಮುಗಿಯುತ್ತಾ ಬಂದಿರ್ತದೆ. ಹತ್ತು ವರ್ಷ ಕಟ್ಟಿ ಸ್ಟೇಟ್‌ಮೆಂಟ್ ನೋಡಿ ಬ್ಯಾಂಕಿನವರು ಮೋಸ ಮಾಡಿದ್ದಾರೆ ಅಂತ ಜಗಳಕ್ಕೆ ಹೋದವರನ್ನು ನಾನು ಕಂಡಿದ್ದೇನೆ, ಮೋಸ ಅಲ್ಲ ಅದು, ಇಎಂಐ ಇರುದೇ ಹಾಗೆ, ಅದನ್ನು ಸಹಿ ಹಾಕುವ ದಿನವೇ ಯಾರಾದ್ರೂ ಕೂರಿಸಿ ತೋರಿಸ್ಬೇಕಿತ್ತು.

ಹಾಗಂತ ಅತ್ತೆ ಹೇಳಿದ ಹಾಗೆ ಸಾಲವೇ ಬೇಡ ಅಂತ ನಾನು ಹೇಳುದಿಲ್ಲ. ಬಾಡಿಗೆ ಮನೆಯಲ್ಲಿದ್ರೆ ಆ ದುಡ್ಡೂ ಹೋಗ್ತದೆ, ಮತ್ತೆ ಇವತ್ತಿನ 21 ಸಾವಿರಕ್ಕೆ ಇರುವ ಬೆಲೆ ಹದಿನೈದು ವರ್ಷ ಕಳೆದ ಮೇಲೆ ಇರ್ಲಿಕ್ಕಿಲ್ಲ, ಸಂಬಳವೂ ಏರ್ತದೆ, ಹಾಗಾಗಿ 52 ಲಕ್ಷವನ್ನು ಪೂರ್ತಿ ಇವತ್ತಿನ 52 ಲಕ್ಷ ಅಂತ ಎಣಿಸಿ ಹೆದರ್ಬೇಡಿ. ಆದ್ರೆ ಬ್ಯಾಂಕಿಗೆ ಬಡ್ಡಿ ಕಟ್ಟಿದ್ರೆ ಟ್ಯಾಕ್ಸ್ ಉಳೀತದೆ ಅಂತ ಸಾಲ ಉದ್ದ ಮಾಡುವ ಲೆಕ್ಕ ಮಾತ್ರ ಬೇಡವೇ ಬೇಡ. ಇನ್‌ಕಮ್ ಟ್ಯಾಕ್ಸಿನ ಹಳೇ ಪದ್ಧತಿಯಲ್ಲಿ ನಾವೇ ವಾಸ ಇರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಉಂಟು, ಹೊಸ ಪದ್ಧತಿಯಲ್ಲಿ ಅದು ಇಲ್ಲ. ಇದ್ದರೂ 20 ಪರ್ಸೆಂಟ್ ಸ್ಲ್ಯಾಬಿನವರಿಗೆ ನೂರು ರೂಪಾಯಿ ಬಡ್ಡಿ ಕಟ್ಟಿದ್ರೆ ಇಪ್ಪತ್ತರ ಹತ್ರ ವಾಪಸ್ ಬರ್ತದೆ, ಎಂಬತ್ತು ಹೋದದ್ದು ಹೋದದ್ದೇ.

ಇನ್ನು ಇಎಂಐಯಲ್ಲಿ ಕಾಣದ ಖರ್ಚುಗಳು. ಪ್ರೊಸೆಸಿಂಗ್ ಫೀಸು, ಅದರ ಮೇಲೆ ಜಿಎಸ್‌ಟಿ, ವಕೀಲರು ಜಾಗದ ಆಧಾರ ಪತ್ರ ಮತ್ತೆ ಹಿಂದಿನ ದಾಖಲೆ ನೋಡುವ ಫೀಸು, ಇಂಜಿನಿಯರು ಬಂದು ವ್ಯಾಲ್ಯುವೇಶನ್ ಮಾಡುವ ಫೀಸು, ಇವೆಲ್ಲ ಒಂದು ಸಲದ್ದು. ಇದಕ್ಕಿಂತ ನನಗೆ ಹೆಚ್ಚು ಬೇಜಾರು ತರುದು ಸಾಲದ ಜೊತೆ ಸೇರಿಸಿ ಕೊಡುವ ಇನ್ಶೂರೆನ್ಸ್. 75,000ದ ಒಂದೇ ಪ್ರೀಮಿಯಂ, ಕೈಯಿಂದ ಕೊಡುದು ಬೇಡ, ಸಾಲಕ್ಕೇ ಸೇರಿಸ್ತೇವೆ ಅಂತಾರೆ, ಸುಲಭ ಆಯ್ತಲ್ಲ ಅಂತ ನಾವೂ ಒಪ್ತೇವೆ. ಆ 75,000ಕ್ಕೆ 20 ವರ್ಷ ತಿಂಗಳಿಗೆ 651ರ ಹಾಗೆ ಕಟ್ಟಿ ಒಟ್ಟು 1 ಲಕ್ಷ 56 ಸಾವಿರ ಆಗ್ತದೆ. ದುಡಿಯುವವರ ಮೇಲೆ ಇನ್ಶೂರೆನ್ಸ್ ಬೇಕೇ ಬೇಕು, ಬೇಡ ಅಂತ ಅಲ್ಲ, ಆದ್ರೆ ಹೊರಗೆ ಟರ್ಮ್ ಪಾಲಿಸಿ (ಬರೀ ಜೀವ ವಿಮೆ) ವರ್ಷಕ್ಕೆ ಎಷ್ಟಾಗ್ತದೆ ಅಂತ ವಿಚಾರಿಸಿ, ಎರಡೂ ಎದುರು ಇಟ್ಟು ನೋಡಿ ಆಮೇಲೆ ಹೂಂ ಅನ್ನಿ.

ಮನೆ ಕಟ್ಟುವ ಸಾಲ ಆದ್ದರಿಂದ ಇನ್ನೊಂದು ವಿಷಯ ಉಂಟು. ದುಡ್ಡು ಒಟ್ಟಿಗೆ ಕೊಡುದಿಲ್ಲ, ಪಂಚಾಂಗ (ಅಡಿಪಾಯ) ಆದ ಮೇಲೆ ಇಷ್ಟು, ಗೋಡೆ ಎದ್ದ ಮೇಲೆ ಇಷ್ಟು, ಸ್ಲ್ಯಾಬ್ ಆದ ಮೇಲೆ ಇಷ್ಟು ಅಂತ ಬಿಡುಗಡೆ ಮಾಡ್ತಾರೆ, ಪೂರ್ತಿ ಇಎಂಐ ಶುರು ಆಗುವವರೆಗೆ ಬಿಡುಗಡೆ ಆದಷ್ಟಕ್ಕೆ ಬರೀ ಬಡ್ಡಿ ಕಟ್ಟುದು, ಅದ್ರಲ್ಲಿ ಒಂದು ರೂಪಾಯಿಯೂ ಅಸಲಿಗೆ ಹೋಗುದಿಲ್ಲ. 10 ಲಕ್ಷ ತಗೊಂಡು ಕೆಲಸ ನಿಂತ್ರೆ ತಿಂಗಳಿಗೆ 7,083 ಸುಮ್ನೆ ಬಡ್ಡಿ. ನಮ್ಮಲ್ಲಿ ಜೂನಿಗೆ ಮಳೆ ಹಿಡಿದ್ರೆ ಕಲ್ಲು ಕಟ್ಟುವ ಕೆಲಸ ಹೇಗೆ ಸಾಗ್ತದೆ ಅಂತ ನಿಮಗೇ ಗೊತ್ತುಂಟು, ಮುರಕಲ್ಲಿನ ಲಾರಿ ಜಾಗಕ್ಕೆ ಇಳಿಯುದೂ ಕಷ್ಟ. ಹಾಗಾಗಿ ಮಳೆ ಬಿಟ್ಟ ಕೂಡ್ಲೇ ಕೆಲಸ ಶುರು ಮಾಡಿ ಮೇ ಒಳಗೆ ಸ್ಲ್ಯಾಬ್ ಆಗುವ ಹಾಗೆ ನೋಡಿ, ಸಾಲದ ಮೊದಲ ಪಾಲು ಅದಕ್ಕೆ ಸರಿಯಾಗಿ ತೆಗೀರಿ. ಮನೆ ಆದ ಮೇಲೆ ಕಟ್ಟಡಕ್ಕೆ ಒಂದು ಸಲದ ತೆರಿಗೆ, ಪಂಚಾಯತಿಗೆ ವರ್ಷಾ ವರ್ಷ ಕಟ್ಟಡ ತೆರಿಗೆ ಉಂಟು, 278.7 ಚದರ ಮೀಟರ್, ಅಂದ್ರೆ 3000 ಚದರಡಿ ಆದ್ರೆ ಕೇರಳದಲ್ಲಿ ವರ್ಷಾ ವರ್ಷ ಇನ್ನೊಂದು ತೆರಿಗೆಯೂ ಬರ್ತದೆ. ಅಷ್ಟು ದೊಡ್ಡ ಮನೆ ನಿಮಗೆ ಬೇಡ ಅಂತ ನನ್ನ ಅಭಿಪ್ರಾಯ.

ಸಹಿ ಹಾಕುವ ಮೊದಲು ಒಂದು ಕಾಗದ ಕೇಳಿ ತಗೊಳ್ಳಿ, ಅದರ ಹೆಸರು ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್. 2024 ಅಕ್ಟೋಬರ್ 1ರಿಂದ ಬ್ಯಾಂಕುಗಳು ಮನೆ ಸಾಲಕ್ಕೂ ಇದನ್ನು ಕೊಡ್ಲೇಬೇಕು ಅಂತ ರಿಸರ್ವ್ ಬ್ಯಾಂಕಿನ ನಿಯಮ. ಅದ್ರಲ್ಲಿ ಎಪಿಆರ್ ಅಂತ ಒಂದು ಅಂಕೆ ಇರ್ತದೆ, ಫೀಸು ಗೀಸು ಎಲ್ಲ ಸೇರಿ ವರ್ಷಕ್ಕೆ ನಿಜವಾಗಿ ಬೀಳುವ ದರ ಅದು, ಎರಡು ಬ್ಯಾಂಕುಗಳನ್ನು ಹೋಲಿಸುವಾಗ 8.5, 8.4 ಅಂತ ಬೋರ್ಡಿನ ಮೇಲಿನದ್ದನ್ನು ಬಿಟ್ಟು ಎಪಿಆರ್ ನೋಡಿ. ಕಂತು ಕಂತಿನ ಪಟ್ಟಿಯೂ ಅದ್ರಲ್ಲೇ ಇರ್ತದೆ. ಕಾಗದ ಕೊಟ್ಟ ಮೇಲೆ ಯೋಚನೆ ಮಾಡ್ಲಿಕ್ಕೆ ಕಡಿಮೆ ಅಂದ್ರೂ ಮೂರು ಕೆಲಸದ ದಿನ ಟೈಮ್ ಕೊಡ್ಬೇಕು, ಹಾಗಾಗಿ ಇವತ್ತೇ ಸಹಿ ಹಾಕಿ ಅಂದ್ರೆ ಮನೆಗೆ ತಗೊಂಡು ಹೋಗಿ ಓದ್ತೇವೆ ಅಂತ ಹೇಳಿ. ಇನ್ನೊಂದು, ಇದು ನಮ್ಮ ಕಾಸರಗೋಡಿನವರಿಗೆ ತುಂಬ ಮುಖ್ಯ, ಆ ಕಾಗದ ಸಾಲಗಾರನಿಗೆ ಅರ್ಥ ಆಗುವ ಭಾಷೆಯಲ್ಲಿ ಇರ್ಬೇಕು, ವಿವರಿಸಿಯೂ ಹೇಳ್ಬೇಕು ಅಂತ ನಿಯಮದಲ್ಲೇ ಉಂಟು. ಮಲಯಾಳಂ ಓದ್ಲಿಕ್ಕೆ ಬಾರದ ಎಷ್ಟೋ ಹಿರಿಯರು ಜಾಮೀನಿಗೆ, ಸಾಲಕ್ಕೆ ತೋರಿಸಿದಲ್ಲಿ ಸಹಿ ಹಾಕಿ ಬರ್ತಾರೆ. ಕನ್ನಡದಲ್ಲಿ ಕೊಡಿ ಅಂತ ಕೇಳಿ, ನಾಚಿಕೆ ಪಡ್ಬೇಡಿ, ಕೇಳುದು ನಿಮ್ಮ ಹಕ್ಕು.

ನನ್ನ ಸಲಹೆ ಕೇಳಿದ್ರೆ 20 ವರ್ಷಕ್ಕೇ ಮಾಡಿ, ವರ್ಷಕ್ಕೊಂದು ಕಂತು ಜಾಸ್ತಿ ಕಟ್ಲಿಕ್ಕೆ ನೋಡಿ, ಬೋನಸ್ಸೋ ಡಿಎ ಬಾಕಿಯೋ ಬಂದಾಗ. ಅಷ್ಟರಿಂದಲೇ ಮೂರು ವರ್ಷ ಮೊದಲು ಸಾಲ ತೀರ್ತದೆ, ಐದು ಲಕ್ಷದ ಹತ್ರ ಬಡ್ಡಿ ಉಳೀತದೆ. ತಿಂಗಳಿಗೆ 21,696 ಕಟ್ಟಿ ಮನೆ ಖರ್ಚು ನಡೆಯುದೇ ಇಲ್ಲ ಅಂತಾದ್ರೆ ವರ್ಷ ಉದ್ದ ಮಾಡುವ ಬದಲು ಮನೆಯ ಒಂದು ಕೋಣೆ ಕಡಿಮೆ ಮಾಡಿ, ಮೇಲಿನ ಮಾಳಿಗೆ ಆಮೇಲೆ ಕಟ್ಟಬಹುದು.

ಪ್ರಶ್ನೆ: ಪೆರ್ಲದಿಂದ ಬರೆಯುದು. ಎರಡು ವರ್ಷದ ಹಿಂದೆ 25 ಲಕ್ಷ ಮನೆ ಸಾಲ ತೆಗೆದಿದ್ದೇನೆ, 20 ವರ್ಷಕ್ಕೆ, 8.5 ಪರ್ಸೆಂಟ್. ಈ ಸಲ ಚಾಲಿ ಅಡಿಕೆ ಮಾರಿ ಖರ್ಚೆಲ್ಲ ಕಳೆದು 2 ಲಕ್ಷ ಕೈಯಲ್ಲುಂಟು. ಎಫ್‌ಡಿ ಇಡುದಾ, ಸಾಲಕ್ಕೆ ಕಟ್ಟುದಾ? ಸಾಲ ಹೇಗೂ ತೀರ್ತದೆ, ದುಡ್ಡು ಕೈಯಲ್ಲಿರ್ಲಿ ಅಂತ ಭಾವ ಹೇಳ್ತಾರೆ.

ಉತ್ತರ: ಭಾವ ಹೇಳಿದ್ರಲ್ಲಿ ಅರ್ಧ ಸರಿ. ತೋಟದವರಿಗೆ ಕೈಯಲ್ಲಿ ದುಡ್ಡು ಬೇಕು, ಮಳೆಗಾಲದಲ್ಲಿ ಅಡಿಕೆಗೆ ಮದ್ದು ಬಿಡ್ಲಿಕ್ಕೆ, ಕೊಳೆರೋಗ ಬಂದು ಫಸಲು ಕೈಕೊಟ್ಟ ವರ್ಷಕ್ಕೆ, ಆಸ್ಪತ್ರೆಗೆ. ಆರು ತಿಂಗಳ ಮನೆ ಖರ್ಚು ಮತ್ತೆ ಕಂತಿಗಾಗುವಷ್ಟು ಬೇರೆ ಇಟ್ಟಿದ್ದೀರಾ ಅಂತ ಮೊದಲು ನೋಡಿ. ಇಟ್ಟಿದ್ರೆ ಈ 2 ಲಕ್ಷ ಸಾಲಕ್ಕೇ ಕಟ್ಟಿ, ಈಗಲೇ ಕಟ್ಟಿ. ಎಫ್‌ಡಿಯಲ್ಲಿ ಸಿಗುವ ಬಡ್ಡಿ ಮನೆ ಸಾಲದ ಬಡ್ಡಿಗಿಂತ ಕಡಿಮೆಯೇ, ಅದಕ್ಕೂ ಟ್ಯಾಕ್ಸ್ ಉಂಟು.

ಈಗಲೇ ಅಂತ ಯಾಕೆ ಒತ್ತಿ ಹೇಳ್ತೇನೆ ಅಂದ್ರೆ, ಎರಡು ವರ್ಷ ಮುಗಿದ ನಿಮ್ಮ ಸಾಲಕ್ಕೆ ಇವತ್ತು 2 ಲಕ್ಷ ಹಾಕಿದ್ರೆ ಕೊನೆಯ 37 ಕಂತು ಹೋಗ್ತದೆ, ಅಂದ್ರೆ 8 ಲಕ್ಷ ಕಟ್ಲಿಕ್ಕಿಲ್ಲ, 2 ಲಕ್ಷ ಕಳೆದ್ರೂ 6 ಲಕ್ಷ ಲಾಭ. ಅದೇ 2 ಲಕ್ಷವನ್ನು ಹದಿನೈದು ವರ್ಷ ಆದ ಮೇಲೆ ಹಾಕಿದ್ರೆ ಹೋಗುದು 13 ಕಂತು, ಉಳಿಯುದು 90 ಸಾವಿರ ಚಿಲ್ಲರೆ ಮಾತ್ರ. ಕೌಂಟರಿನಲ್ಲಿ ಮಾತ್ರ ಒಂದು ಎಚ್ಚರ ಬೇಕು. ದುಡ್ಡು ಕಟ್ಟಿದ ಮೇಲೆ ಕಂತು ಕಡಿಮೆ ಮಾಡುದಾ, ಅವಧಿ ಕಡಿಮೆ ಮಾಡುದಾ ಅಂತ ಎರಡು ದಾರಿ ಉಂಟು. ಕಂತು ಕಡಿಮೆ ಮಾಡಿದ್ರೆ ತಿಂಗಳಿಗೆ 1,811 ಇಳೀತದೆ, ಕೊನೆಗೆ ಉಳಿಯುದು 1 ಲಕ್ಷ 90 ಸಾವಿರದ ಹತ್ರ. ಅವಧಿ ಕಡಿಮೆ ಮಾಡಿದ್ರೆ ಆ 6 ಲಕ್ಷ. ಹಾಗಾಗಿ ಅವಧಿ ಕಡಿಮೆ ಮಾಡಿ ಅಂತ ಬರೆದು ಕೊಟ್ಟು ಸೀಲ್ ಹಾಕಿದ ಕಾಪಿ ತಗೊಳ್ಳಿ. ಫ್ಲೋಟಿಂಗ್ (ಏರಿಳಿಯುವ) ದರದ ಮನೆ ಸಾಲಕ್ಕೆ ಮೊದಲೇ ಕಟ್ಟಿದ್ದಕ್ಕೆ ಬ್ಯಾಂಕು ದಂಡ ಹಾಕುವ ಹಾಗಿಲ್ಲ.

ಪ್ರಶ್ನೆ: 2021ರಲ್ಲಿ 7 ಪರ್ಸೆಂಟಿಗೆ 25 ಲಕ್ಷ ತಗೊಂಡದ್ದು, ಕಂತು 19,382. ಇವತ್ತಿನವರೆಗೆ ಕಂತು ಒಂದು ರೂಪಾಯಿ ಜಾಸ್ತಿ ಆಗ್ಲಿಲ್ಲ, ಆದ್ರೆ ಆ್ಯಪಲ್ಲಿ ನೋಡಿದ್ರೆ ಬಾಕಿ ವರ್ಷ ಜಾಸ್ತಿ ತೋರಿಸ್ತದೆ. ಎಂತ ಇದು? ಮಂಜೇಶ್ವರದ ಓದುಗ.

ಉತ್ತರ: ಕಂತು ಏರದೆ ಇದ್ದದ್ದೇ ಇದಕ್ಕೆ ಕಾರಣ ಮಾರಾಯ್ರೆ. 2022 ಮೇಯಿಂದ 2023 ಫೆಬ್ರವರಿ ಒಳಗೆ ರೆಪೋ ದರ, ಅಂದ್ರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ, 4ರಿಂದ 6.5ಕ್ಕೆ ಏರಿತು, ರೆಪೋಗೆ ಕಟ್ಟಿದ ಸಾಲಗಳ ಬಡ್ಡಿಯೂ ಅಷ್ಟೇ ಏರಿತು. ತುಂಬ ಕಡೆ ಗ್ರಾಹಕರನ್ನು ಕೇಳದೆ ಕಂತು ಹಾಗೇ ಇಟ್ಟು ವರ್ಷ ಎಳೆದರು. ನಿಮ್ಮದೇ ಸಾಲದಲ್ಲಿ ನೋಡಿ, ಒಂದು ವರ್ಷ ಕಟ್ಟಿದ ಮೇಲೆ ಬಾಕಿ 24 ಲಕ್ಷ 40 ಸಾವಿರ ಅಂತ ಇಟ್ಟುಕೊಳ್ಳಿ, ಅದಕ್ಕೆ 9.5 ಪರ್ಸೆಂಟಿನಲ್ಲಿ ತಿಂಗಳ ಬಡ್ಡಿಯೇ 19,317 ಆಗ್ತದೆ, ನಿಮ್ಮ ಕಂತಿನಲ್ಲಿ ಅಸಲಿಗೆ ಹೋಗುದು ಅರುವತ್ತು ರೂಪಾಯಿ ಚಿಲ್ಲರೆ. ಸಾಲ ತೀರುದು ಹೇಗೆ?

2023 ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೊಂದು ಸುತ್ತೋಲೆ ತಂದಿದೆ, ದರ ಬದಲಾದಾಗ ಕಂತು ಏರಿಸುದಾ, ಅವಧಿ ಎಳೆಯುದಾ, ಎರಡೂ ಸ್ವಲ್ಪ ಸ್ವಲ್ಪವಾ ಅಂತ ಆಯ್ಕೆ ಸಾಲಗಾರನದ್ದು. ಅಸಲಿಗೆ ಎಷ್ಟು ಹೋಗಿದೆ, ಬಡ್ಡಿಗೆ ಎಷ್ಟು, ಕಂತು ಎಷ್ಟು ಬಾಕಿ ಅಂತ ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಸಿಗ್ಬೇಕು. 2025ರಲ್ಲಿ ರೆಪೋ ಪುನಃ ಇಳಿದು ಡಿಸೆಂಬರಿಗೆ 5.25 ಆಯ್ತು, ಅದು ನಿಮ್ಮ ಸಾಲಕ್ಕೆ ಬಂದಿದೆಯಾ ಅಂತ ಬ್ರಾಂಚಿಗೆ ಹೋಗಿ ಕೇಳಿ. ಹೊಸ ಗ್ರಾಹಕರಿಗೆ ಕೊಡುವ ದರ ನಿಮ್ಮದಕ್ಕಿಂತ ಕಡಿಮೆ ಉಂಟಾದ್ರೆ ನಮಗೂ ಮಾಡಿ ಕೊಡಿ ಅಂತ ಅರ್ಜಿ ಹಾಕಿ, ಸಣ್ಣ ಫೀಸು ಬೀಳಬಹುದು, ಆದ್ರೂ ನಷ್ಟ ಆಗ್ಲಿಕ್ಕಿಲ್ಲ. ಮತ್ತೆ ದರ ಇಳಿದ್ರೂ ಕಂತು ಇಳಿಸ್ಲಿಕ್ಕೆ ಹೋಗ್ಬೇಡಿ. ಸಾಧ್ಯ ಆದ್ರೆ ಎರಡು ಸಾವಿರ ಏರಿಸಿ.

ಪ್ರಶ್ನೆ: ಕುಂಬಳೆಯಿಂದ. ನಮ್ಮವರು ಗಲ್ಫಿನಿಂದ ಕಳಿಸಿದ ದುಡ್ಡಲ್ಲಿ ಸಾಲ ಪೂರ್ತಿ ಕಟ್ಟಿ ಎರಡು ತಿಂಗಳಾಯ್ತು, ಜಾಗದ ಆಧಾರ ಪತ್ರ ಇನ್ನೂ ಕೊಡ್ಲಿಲ್ಲ, ಹೆಡ್ ಆಫೀಸಿಂದ ಬರ್ಬೇಕು ಅಂತಾರೆ. ಎಷ್ಟು ದಿನ ಕಾಯುದು?

ಉತ್ತರ: ಬ್ಯಾಂಕಾದ್ರೆ 30 ದಿನದ ಒಳಗೆ ಮೂಲ ದಾಖಲೆ ಕೊಟ್ಟು ಜಾಗದ ಮೇಲಿನ ಸಾಲದ ಚಾರ್ಜ್ (ಹಕ್ಕು) ತೆಗೆಸ್ಬೇಕು ಅಕ್ಕ, ಅವರ ಕಡೆಯಿಂದ ತಡ ಆದ್ರೆ ದಿನಕ್ಕೆ 5,000 ರೂಪಾಯಿ ನಿಮಗೆ ಕೊಡ್ಬೇಕು, 2023 ಡಿಸೆಂಬರ್ 1ರಿಂದ ಇದು ಜಾರಿಯಲ್ಲುಂಟು. ಇದನ್ನೇ ಬರೆದು ಮ್ಯಾನೇಜರಿಗೆ ಒಂದು ಪತ್ರ ಕೊಡಿ, ಉತ್ತರ ಬಾರದಿದ್ರೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ದೂರು. ನಿಮ್ಮದು ಊರಿನ ಸರ್ವಿಸ್ ಸಹಕಾರಿ ಸಂಘದ ಸಾಲ ಆಗಿದ್ರೆ ಈ ನಿಯಮ ಹಿಡಿಯುದಿಲ್ಲ, ಅದು ಸಹಕಾರಿ ಇಲಾಖೆಯ ಕೆಳಗೆ, ದೂರು ಕೊಡುದೂ ಅಲ್ಲಿಗೇ, ಮತ್ತೆ ಗಹಾನ್ (ಸಂಘಕ್ಕೆ ಜಾಗ ಅಡವು ಇಟ್ಟ ಪತ್ರ) ಬರೆಸಿದ್ರೆ ಅದನ್ನು ರಿಲೀಸ್ ಮಾಡಿಸ್ಲಿಕ್ಕೆ ಮರೀಬೇಡಿ. ಯಾವ ಸಾಲವೇ ಆಗ್ಲಿ, ದಾಖಲೆ ಕೈಗೆ ಬಂದ ಮೇಲೆ ಸಬ್ ರಿಜಿಸ್ಟ್ರಾರ್ ಆಫೀಸಿನಿಂದ ಬಾಧ್ಯತಾ ಸರ್ಟಿಫಿಕೇಟ್ ತೆಗೆಸಿ, ಸಾಲದ ಎಂಟ್ರಿ ಹೋಗಿದೆಯಾ ಅಂತ ನೋಡಿ, ಇಲ್ಲದಿದ್ರೆ ನಾಳೆ ಜಾಗ ಭಾಗ ಮಾಡುವಾಗ ಮಕ್ಕಳು ಪುನಃ ಬ್ಯಾಂಕಿಗೆ ಅಲೀಬೇಕಾಗ್ತದೆ.