ಲಿಂಕ್ ನೋಡಿದರೆ ಯಾರ ಗಂಟು ಹೋಗುತ್ತೆ?

ಪ್ರಶ್ನೆ: ಸರ್, ಶುಕ್ರವಾರ ರಿಲೀಸ್ ಆದ ಸಿನಿಮಾ ಶನಿವಾರ ಸಂಜೆಗೆಲ್ಲ ನಮ್ಮ ಹುಡುಗರ ಟೆಲಿಗ್ರಾಂ ಗ್ರೂಪಿಗೆ ಬಂದಿರುತ್ತದೆ. ಹೀರೋಗಳು ಕೋಟಿ ಕೋಟಿ ಎಣಿಸುತ್ತಾರೆ, ನಾನೊಬ್ಬ ಫೋನಿನಲ್ಲಿ ನೋಡಿದರೆ ಯಾರ ಗಂಟು ಹೋಗುತ್ತೆ? ಇದಕ್ಕೆಲ್ಲ ಕೇಸ್ ಹಾಕ್ತಾರಾ?
– ಹೆಸರು ಬೇಡ ಎಂದವರು, ಮಂಡ್ಯ

ಉತ್ತರ: ದೊಡ್ಡ ಹೀರೋ ಗಂಟು ಅಷ್ಟೇನೂ ಹೋಗಲ್ಲ, ನಿಜ. ಹೊಡೆತ ಬೀಳುವುದು ಹೊಸಬರ ಸಿನಿಮಾಕ್ಕೆ. ಅದಕ್ಕೆ ಕಟೌಟ್ ಇಲ್ಲ, ಹಾಲಿನ ಅಭಿಷೇಕ ಇಲ್ಲ. ಮೊದಲ ದಿನ ನೋಡಿದ ನಾಲ್ಕು ಜನ ಟೀ ಅಂಗಡಿಯಲ್ಲಿ ನಿಂತು "ಚೆನ್ನಾಗಿದೆ ಕಣೋ" ಅಂದು, ಆ ಮಾತು ಊರೆಲ್ಲ ಹಬ್ಬಿ, ಭಾನುವಾರದ ಹೊತ್ತಿಗೆ ಜನ ಟಿಕೆಟ್ ಕೌಂಟರಿಗೆ ಬರಬೇಕು. ಈಗ ಹಾಗಲ್ಲ. "ಚೆನ್ನಾಗಿದೆ" ಅಂದ ಕೂಡಲೇ "ಲಿಂಕ್ ಹಾಕು ಮಗಾ" ಅಂತಾರೆ. ಸೋಮವಾರ ಕಲೆಕ್ಷನ್ ಇಲ್ಲ, ಮುಂದಿನ ಶುಕ್ರವಾರ ಎತ್ತಂಗಡಿ.

ಮೈಸೂರಿನ ಒಂದು ಥಿಯೇಟರಿನಲ್ಲಿ ನಾನೇ ಕಂಡಿದ್ದೇನೆ. ಮ್ಯಾಟಿನಿಗೆ ಒಟ್ಟು ಹನ್ನೊಂದು ಜನ. ಮುಂದಿನ ಸಾಲಿನ ಹುಡುಗ ಅಂಗಿ ಜೇಬಿನಲ್ಲಿ ಫೋನ್ ನಿಲ್ಲಿಸಿ, ಕ್ಯಾಮೆರಾ ಮಾತ್ರ ಹೊರಗೆ ಇಣುಕುವಂತೆ ಇಟ್ಟುಕೊಂಡು, ಎರಡು ಗಂಟೆ ಅಲ್ಲಾಡದೆ ಕೂತಿದ್ದ. ಅಷ್ಟು ಶ್ರದ್ಧೆಯಿಂದ ನಾನು ಪೂಜೆಗೂ ಕೂತವನಲ್ಲ! ಪಾಪ, ಡಿಜಿಟಲ್ ಸಿನಿಮಾದೊಳಗೆ ಕಣ್ಣಿಗೆ ಕಾಣದ ಗುರುತು ಹಾಕಿರುತ್ತಾರೆ, ಕದ್ದ ಕಾಪಿ ಸಿಕ್ಕಿದರೆ ಅದು ಯಾವ ಥಿಯೇಟರಿನಿಂದ ಹೋಯಿತು ಅಂತ ಅದರಿಂದ ಪತ್ತೆ ಮಾಡಬಹುದು ಅನ್ನುವುದು ಅವನಿಗೆ ಗೊತ್ತಿರಲಿಕ್ಕಿಲ್ಲ.

ಕೇಸಿನ ವಿಷಯ. 2023ರಲ್ಲಿ ಸಿನಿಮಾಟೋಗ್ರಾಫ್ ಕಾಯ್ದೆಗೆ ತಿದ್ದುಪಡಿ ಆಯಿತು. ಹೀಗೆ ಶೂಟ್ ಮಾಡಿದವರಿಗೆ ಕನಿಷ್ಠ 3 ತಿಂಗಳು, ಜಾಸ್ತಿ ಅಂದರೆ 3 ವರ್ಷ ಜೈಲು. ದಂಡ 3 ಲಕ್ಷದಿಂದ ಶುರು, ನಿರ್ಮಾಣ ವೆಚ್ಚದ ಶೇ. 5ರವರೆಗೂ ಹೋಗಬಹುದು. ನೀವು ಸುಮ್ನೆ ನೋಡುವವರು ಅಂದಿರಿ, ಸರಿ. ಆದರೆ ಗ್ರೂಪಿಗೆ ಹಂಚಿದರೆ ಕಾಪಿರೈಟ್ ಕಾಯ್ದೆ ಇದೆ.

ಟಿಕೆಟ್ ದುಬಾರಿ ಅಂತ ನೀವು ಕೇಳಿಲ್ಲ, ಕೇಳಿದ್ದರೆ ನಾನೂ ತಲೆಯಾಡಿಸುತ್ತಿದ್ದೆ. 200 ರೂಪಾಯಿ ಮಿತಿ ಅಂತ ಸರ್ಕಾರ 2025ರ ಸೆಪ್ಟೆಂಬರ್‌ನಲ್ಲಿ ಆದೇಶ ಮಾಡಿತು, ಅದೇ ತಿಂಗಳು ಹೈಕೋರ್ಟ್ ತಡೆ ಕೊಟ್ಟಿತು. ಆದರೆ ಆ ಸಿಟ್ಟನ್ನು ಹೊಸಬರ ಮೇಲೆ ತೀರಿಸಿದರೆ ಹೇಗೆ? ನಿಮ್ಮೂರಿನ ಸಿಂಗಲ್ ಸ್ಕ್ರೀನಿನಲ್ಲಿ ಟಿಕೆಟ್ ಇನ್ನೂ ಕೈಗೆಟುಕುವಂತೆಯೇ ಇದೆ ಅಲ್ವಾ?

ಅಂದಹಾಗೆ, ಆ ಗ್ರೂಪಿನ ಅಡ್ಮಿನ್ ಯಾರು? ಹೆಸರು ಬೇಡ ಅಂದಿದ್ದು ನೋಡಿ ಕೇಳಿದೆ.