40 ಬಹು ಆಯ್ಕೆ ಪ್ರಶ್ನೆಗಳ ಟೆಸ್ಟ್ ಕೊಟ್ಟಿದ್ದೇನೆ, ಪ್ರಶ್ನೆಗಳು ಸರಿಯಿದ್ದವೇ ಎಂದು ತಿಳಿಯುವುದು ಹೇಗೆ?

60 ಮಕ್ಕಳು ಬರೆದಿದ್ದಾರೆ, ಸರಾಸರಿ 27 ಬಂದಿದೆ, ಸರಾಸರಿ ಚೆನ್ನಾಗಿದ್ದರೆ ಪತ್ರಿಕೆಯೂ ಚೆನ್ನಾಗಿದೆ ಎಂದುಕೊಳ್ಳಬಹುದೇ ಎಂದು ಕೇಳಿದ್ದೀರಿ. ಅಂದುಕೊಳ್ಳುವ ಹಾಗಿಲ್ಲ. ಆ ಗುಂಪಿಗೆ ಪತ್ರಿಕೆ ಎಷ್ಟು ಸುಲಭವಾಗಿತ್ತು ಎಂಬುದಷ್ಟೇ ಸರಾಸರಿಯಿಂದ ಗೊತ್ತಾಗುತ್ತದೆ. ಕೀ (ಸರಿಯುತ್ತರಗಳ ಪಟ್ಟಿ) ತಪ್ಪಿರುವ ಪ್ರಶ್ನೆ, ಎರಡು ಸರಿಯುತ್ತರ ಇರುವ ಪ್ರಶ್ನೆ, ಓದದೆಯೂ ಊಹಿಸಬಹುದಾದ ಪ್ರಶ್ನೆ, ಎಲ್ಲವೂ ಅದರೊಳಗೆ ಅಡಗಿ ಕೂತಿರುತ್ತವೆ. ಹಾಗಾಗಿ ಒಂದೊಂದೇ ಪ್ರಶ್ನೆ ಎತ್ತಿ ನೋಡಬೇಕು. ಒಂದು ಸ್ಪ್ರೆಡ್‌ಶೀಟ್ ಇದ್ದರೆ ಸಾಕು.

ಮೊದಲು ಪ್ರತಿ ವಿದ್ಯಾರ್ಥಿಗೆ ಒಂದು ಸಾಲು, ಪ್ರತಿ ಪ್ರಶ್ನೆಗೆ ಒಂದು ಕಾಲಂ ಮಾಡಿ, ಅವರು ಗುರುತು ಹಾಕಿದ ಅಕ್ಷರವನ್ನೇ (ಎ, ಬಿ, ಸಿ, ಡಿ) ತುಂಬಿಸಿ. ನೇರವಾಗಿ ಸರಿ-ತಪ್ಪು ಅಂತ 1, 0 ತುಂಬಿಸಿಬಿಟ್ಟರೆ ಮಕ್ಕಳು ಯಾವ ತಪ್ಪು ಆಯ್ಕೆಗೆ ಬಿದ್ದರು ಎಂಬುದು ಕಳೆದುಹೋಗುತ್ತದೆ, ಕೆಲಸಕ್ಕೆ ಬರುವ ಮಾಹಿತಿ ಇರುವುದೇ ಅಲ್ಲಿ. 1, 0 ಎರಡನೇ ಹಾಳೆಯಲ್ಲಿರಲಿ. ಆಮೇಲೆ ಒಟ್ಟು ಅಂಕದ ಪ್ರಕಾರ ಮೇಲಿಂದ ಕೆಳಕ್ಕೆ ಜೋಡಿಸಿ, ಮೇಲಿನ ಶೇ. 27 ಮತ್ತು ಕೆಳಗಿನ ಶೇ. 27 ಮಂದಿಯನ್ನು ಬೇರೆ ಮಾಡಿ. ನಿಮ್ಮ 60ರಲ್ಲಿ ಅದು 16 ಮತ್ತು 16. ಎರಡು ಗುಂಪುಗಳ ನಡುವೆ ಅಂತರವೂ ಇರಬೇಕು, ಗುಂಪುಗಳು ತೀರಾ ಚಿಕ್ಕವೂ ಆಗಬಾರದು. ಇವೆರಡಕ್ಕೂ ಹೊಂದುವ ಪ್ರಮಾಣ ಶೇ. 27 ಎಂದು 1939ರಲ್ಲಿ ಅಮೆರಿಕದ ಮನೋವಿಜ್ಞಾನಿ ಟ್ರೂಮನ್ ಕೆಲ್ಲಿ ತೋರಿಸಿದ್ದರು. ಮೂವತ್ತು ಮಕ್ಕಳಷ್ಟೇ ಇದ್ದರೆ ಅದಕ್ಕೆ ಅಂಟಿಕೊಳ್ಳಬೇಡಿ, ಅರ್ಧಕ್ಕರ್ಧ ಮಾಡಿಕೊಳ್ಳಿ.

ಈಗ ಪ್ರತಿ ಪ್ರಶ್ನೆಗೆ ಎರಡು ಸಂಖ್ಯೆ ಬೇಕು. ಒಂದು ಕಠಿಣತೆಯ ಸೂಚ್ಯಂಕ: ಸರಿ ಬರೆದವರನ್ನು ಒಟ್ಟು ಸಂಖ್ಯೆಯಿಂದ ಭಾಗಿಸಿದರೆ ಬಂತು. ಹೆಸರು ಕಠಿಣತೆ ಎಂದಿದ್ದರೂ ಸಂಖ್ಯೆ ಹೆಚ್ಚಾದಷ್ಟೂ ಪ್ರಶ್ನೆ ಸುಲಭ, ಇಲ್ಲಿ ಅನೇಕರು ಎಡವುತ್ತಾರೆ. ನಾಲ್ಕು ಆಯ್ಕೆಗಳಿದ್ದಾಗ ಬರೀ ಊಹೆಯಿಂದಲೇ 0.25 ಬರಬಹುದು, ಆದ್ದರಿಂದ 0.25 ಮತ್ತು 1ರ ನಡುಮಧ್ಯ, ಅಂದರೆ 0.6ರ ಆಸುಪಾಸು, ಮಕ್ಕಳನ್ನು ಚೆನ್ನಾಗಿ ಬೇರ್ಪಡಿಸುತ್ತದೆ. ಇನ್ನೊಂದು ತಾರತಮ್ಯ ಸೂಚ್ಯಂಕ, ಅಂದರೆ ಬಲ್ಲವರನ್ನೂ ಅರಿಯದವರನ್ನೂ ಪ್ರಶ್ನೆ ಎಷ್ಟು ಬೇರ್ಪಡಿಸುತ್ತದೆ ಎಂಬುದು: ಮೇಲಿನ ಗುಂಪಿನಲ್ಲಿ ಸರಿ ಬರೆದವರಿಂದ ಕೆಳಗಿನ ಗುಂಪಿನಲ್ಲಿ ಸರಿ ಬರೆದವರನ್ನು ಕಳೆದು 16ರಿಂದ ಭಾಗಿಸಿ. 0.40 ದಾಟಿದರೆ ಬಹಳ ಒಳ್ಳೆಯದು, 0.30 ಇದ್ದರೆ ಪರವಾಗಿಲ್ಲ, 0.20ಕ್ಕಿಂತ ಕೆಳಗಿದ್ದರೆ ಪ್ರಶ್ನೆಯನ್ನು ತಿರುಗಿ ಓದಬೇಕು, ಋಣ ಸಂಖ್ಯೆ ಬಂದರೆ ಮೊದಲು ಕೀ ನೋಡಬೇಕು.

ಉದಾಹರಣೆಗೆ 17ನೇ ಪ್ರಶ್ನೆ ಹೀಗಿದೆ ಎಂದುಕೊಳ್ಳಿ. ಕೀ ಪ್ರಕಾರ ಉತ್ತರ ಸಿ. ಮೇಲಿನ 16 ಜನರಲ್ಲಿ ಎ 1, ಬಿ 9, ಸಿ 5, ಡಿ 1. ಕೆಳಗಿನ 16ರಲ್ಲಿ ಎ 4, ಬಿ 3, ಸಿ 6, ಡಿ 3. ಒಟ್ಟಾರೆ 60ರಲ್ಲಿ 20 ಜನ ಸರಿ, ಕಠಿಣತೆ 0.33. ಇಷ್ಟನ್ನೇ ನೋಡಿದವರು ‘ಕಷ್ಟದ ಪ್ರಶ್ನೆ’ ಎಂದು ಮುಂದೆ ಹೋಗುತ್ತಾರೆ. ತಾರತಮ್ಯ ತೆಗೆದರೆ 5 ಕಳೆ 6, ಭಾಗ 16, ಮೈನಸ್ 0.06. ಚೆನ್ನಾಗಿ ಓದಿದವರು ಗುಂಪಾಗಿ ಬಿ ಕಡೆ ಹೋಗಿದ್ದಾರೆ, ಕೆಳಗಿನವರು ನಾಲ್ಕಕ್ಕೂ ಚದುರಿದ್ದಾರೆ, ಅಂದರೆ ಊಹಿಸಿದ್ದಾರೆ. ಇಂಥಲ್ಲಿ ಒಂದೋ ಕೀ ತಪ್ಪು, ಇಲ್ಲವೇ ವಿಷಯವನ್ನು ಆಳವಾಗಿ ಬಲ್ಲವರಿಗೆ ಬಿ ಕೂಡ ಸರಿ ಕಾಣುವಂತೆ ಪ್ರಶ್ನೆಯ ವಾಕ್ಯವಿದೆ, ಅಥವಾ ಪಾಠದಲ್ಲೇ ಏನೋ ತಪ್ಪು ತಿಳುವಳಿಕೆ ಹೋಗಿದೆ. ಯಾವುದು ಎಂದು ಸಂಖ್ಯೆ ಹೇಳುವುದಿಲ್ಲ. ಬಿ ಬರೆದ ಮೂರು ನಾಲ್ಕು ಮಕ್ಕಳನ್ನು ಕರೆದು ಕೇಳಿದರೆ ಗೊತ್ತಾಗುತ್ತದೆ. ಕೀ ತಪ್ಪಿದ್ದರೆ ತಿದ್ದಿ ಎಲ್ಲವನ್ನೂ ಮೊದಲಿಂದ ಲೆಕ್ಕ ಹಾಕಿ, ಏಕೆಂದರೆ ಒಟ್ಟು ಅಂಕ ಬದಲಾದಾಗ ಎರಡು ಗುಂಪುಗಳೂ ಬದಲಾಗುತ್ತವೆ.

ಯಾರೂ ಮುಟ್ಟದ ಆಯ್ಕೆ ಇದ್ದರೆ ಅದು ಇದ್ದೂ ಇಲ್ಲದಂತೆ. ನಾಲ್ಕನೆಯದು ಹೊಳೆಯದೆ ಏನೋ ಒಂದು ತುರುಕುವ ಬದಲು ಮೂರಕ್ಕೇ ನಿಲ್ಲಿಸಿ. ಸುಮಾರು 80 ವರ್ಷಗಳ ಅಧ್ಯಯನಗಳನ್ನು ಒಟ್ಟುಗೂಡಿಸಿ 2005ರಲ್ಲಿ ಸಂಶೋಧಕ ಮೈಕಲ್ ರೊಡ್ರಿಗಸ್ ಬಂದ ತೀರ್ಮಾನವೂ ಅದೇ, ಮೂರು ಆಯ್ಕೆ ಸಾಕು.

ಇಡೀ ಪತ್ರಿಕೆಯ ವಿಶ್ವಾಸಾರ್ಹತೆಗೆ, ಅಂದರೆ ಅದು ಕೊಡುವ ಅಂಕವನ್ನು ಎಷ್ಟು ನೆಚ್ಚಬಹುದು ಎಂಬುದಕ್ಕೆ, 1937ರಿಂದಲೂ ಬಳಕೆಯಲ್ಲಿರುವ ಕೆಆರ್-20 (ಕೂಡರ್-ರಿಚರ್ಡ್‌ಸನ್) ಸೂತ್ರ ಇದೆ. ಪ್ರತಿ ಪ್ರಶ್ನೆಗೂ ಸರಿ ಬರೆದವರ ಪಾಲನ್ನು ತಪ್ಪು ಬರೆದವರ ಪಾಲಿನಿಂದ ಗುಣಿಸಿ, 40 ಪ್ರಶ್ನೆಗಳದ್ದನ್ನೂ ಒಟ್ಟಿಗೆ ಕೂಡಿಸಿ. 8 ಬಂತು ಎನ್ನೋಣ. ಒಟ್ಟು ಅಂಕಗಳ ವೇರಿಯನ್ಸ್ (ಅಂಕಗಳು ಸರಾಸರಿಯ ಸುತ್ತ ಎಷ್ಟು ಹರಡಿವೆ ಎಂಬ ಅಳತೆ) 36 ಎನ್ನೋಣ, ಅಂದರೆ ಅದರ ವರ್ಗಮೂಲವಾದ ಸ್ಟ್ಯಾಂಡರ್ಡ್ ಡೀವಿಯೇಶನ್ 6. 8ನ್ನು 36ರಿಂದ ಭಾಗಿಸಿ 1ರಿಂದ ಕಳೆದರೆ 0.78, ಅದನ್ನು 40/39ರಿಂದ ಗುಣಿಸಿದರೆ 0.80. ವೇರಿಯನ್ಸ್ ತೆಗೆಯುವಾಗ 60ರಿಂದಲೇ ಭಾಗಿಸುವ ಫಾರ್ಮುಲಾ ಹಾಕಿ, 59ರಿಂದ ಭಾಗಿಸುವುದು ಇದರ ಜೊತೆ ಹೊಂದುವುದಿಲ್ಲ. ಎರಡು, ಮೂರು ಅಂಕದ ಪ್ರಶ್ನೆಗಳಿದ್ದರೆ ಕೆಆರ್-20 ಬದಲು ಅದೇ ಥರದ ಕ್ರೋನ್‌ಬಾಕ್ ಆಲ್ಫಾ ಸೂತ್ರ ಬಳಸಿ.

0.80 ಅಂದಾಕ್ಷಣ ಖುಷಿಪಡುವ ಮೊದಲು ಅದು ಅಂಕಕ್ಕೆ ಏನು ಮಾಡುತ್ತದೆ ನೋಡಿ. 1ರಿಂದ 0.80 ಕಳೆದು ವರ್ಗಮೂಲ ತೆಗೆದು 6ರಿಂದ ಗುಣಿಸಿದರೆ 2.7. ಇದು ಮಾಪನದ ಪ್ರಮಾಣಿತ ದೋಷ. ಎರಡೂ ಬದಿಗೆ ಇದರ ಎರಡರಷ್ಟು ಹಿಡಿದರೆ, 27 ಅಂಕ ಪಡೆದ ಹುಡುಗಿಯ ನಿಜವಾದ ಮಟ್ಟ ಸುಮಾರು 22ರಿಂದ 32ರ ನಡುವೆ ಎಲ್ಲಿಯಾದರೂ ಇರಬಹುದು. 26 ಮತ್ತು 28 ತೆಗೆದ ಇಬ್ಬರನ್ನು ರ‍್ಯಾಂಕ್ ಪಟ್ಟಿಯಲ್ಲಿ ಮೇಲೆ ಕೆಳಗೆ ಕೂರಿಸಲು ಈ ಪತ್ರಿಕೆಗೆ ಶಕ್ತಿಯಿಲ್ಲ, ಆದರೂ ಎಲ್ಲರೂ ಕೂರಿಸುತ್ತೇವೆ. ಇದೇ ಗುಣಮಟ್ಟದ ಪ್ರಶ್ನೆಗಳನ್ನು 20ಕ್ಕೆ ಇಳಿಸಿದರೆ ವಿಶ್ವಾಸಾರ್ಹತೆ 0.67ಕ್ಕೆ ಬೀಳುತ್ತದೆ, 80ಕ್ಕೆ ಏರಿಸಿದರೆ 0.89 ಆಗುತ್ತದೆ. ಹತ್ತು ಪ್ರಶ್ನೆಗಳ ಕ್ವಿಜ್ ನಂಬಿ ದೊಡ್ಡ ನಿರ್ಧಾರ ಮಾಡಬೇಡಿ ಎನ್ನುವುದು ಇದಕ್ಕೇ.

ಈ ಸಂಖ್ಯೆಗಳು ಮೋಸ ಮಾಡುವ ಜಾಗಗಳೂ ಇವೆ. ಸಮಯ ಸಾಲದೆ ಕೊನೆಯ ಏಳೆಂಟು ಪ್ರಶ್ನೆಗಳನ್ನು ಹಲವರು ಬಿಟ್ಟಿದ್ದರೆ ಕೆಆರ್-20 ಸುಳ್ಳೇ ಏರುತ್ತದೆ, ಒಂದೇ ಗದ್ಯಭಾಗದ ಮೇಲೆ ಐದು ಪ್ರಶ್ನೆ ಕೇಳಿದರೂ ಹಾಗೆಯೇ. ಎಲ್ಲರೂ ಚೆನ್ನಾಗಿ ಕಲಿತು 35ರ ಮೇಲೆ ತೆಗೆದರೆ ಅಂಕಗಳಲ್ಲಿ ಏರಿಳಿತವೇ ಇರದೆ ಕೆಆರ್-20 ಇಳಿಯುತ್ತದೆ, ಅದು ಪತ್ರಿಕೆಯ ದೋಷವಲ್ಲ. 16 ಜನರ ಗುಂಪಿನಲ್ಲಿ ಒಬ್ಬ ಗುರುತು ಬದಲಿಸಿದರೂ ತಾರತಮ್ಯ 0.06 ಆಚೀಚೆಯಾಗುತ್ತದೆ, ಹಾಗಾಗಿ 0.19 ಬಂತೆಂದು ಪ್ರಶ್ನೆಯನ್ನು ಕಸದ ಬುಟ್ಟಿಗೆ ಹಾಕಬೇಡಿ.

ಕಡಿಮೆ ತಾರತಮ್ಯದ್ದನ್ನೆಲ್ಲ ಕಿತ್ತುಹಾಕುತ್ತಾ ಹೋದರೆ ಒಂದು ಅಧ್ಯಾಯವೇ ಪತ್ರಿಕೆಯಿಂದ ಮಾಯವಾಗಬಹುದು. ಸಂಖ್ಯೆ ಅಂದವಾಗಿ ಕಾಣುತ್ತದೆ, ಸಿಂಧುತ್ವ ಹೋಗಿರುತ್ತದೆ. ಅಳೆಯಬೇಕಾದ್ದನ್ನೇ ಅಳೆಯುತ್ತಿದ್ದೇವೆಯೇ ಎಂಬುದನ್ನು ಯಾವ ಸೂತ್ರವೂ ಹೇಳಿಕೊಡುವುದಿಲ್ಲ. ಅದಕ್ಕೆ ಪ್ರಶ್ನೆ ಬರೆಯುವ ಮುಂಚೆಯೇ ನೀಲನಕ್ಷೆ ಬೇಕು, ಅಧ್ಯಾಯಗಳು ಒಂದು ಕಡೆ, ನೆನಪು-ತಿಳುವಳಿಕೆ-ಅನ್ವಯ ಇನ್ನೊಂದು ಕಡೆ, ಪ್ರತಿ ಚೌಕಕ್ಕೆ ಇಷ್ಟು ಪ್ರಶ್ನೆ ಎಂದು. ಆರು ಸಾಲಿನ ಕಥೆ ಹೇಳಿ ಕೊನೆಗೆ ಒಂದು ಗುಣಾಕಾರ ಕೇಳುವ ಗಣಿತದ ಪ್ರಶ್ನೆ ಒಳ್ಳೆಯ ತಾರತಮ್ಯ ತೋರಿಸಬಹುದು, ಆದರೆ ಅದು ಬೇರ್ಪಡಿಸುತ್ತಿರುವುದು ಓದಲು ಬರುವವರನ್ನೂ ಬಾರದವರನ್ನೂ ಇರಬಹುದು.

ಉಳಿಸಿಕೊಂಡ ಪ್ರತಿ ಪ್ರಶ್ನೆಯ ಪಕ್ಕ ಎರಡೂ ಸೂಚ್ಯಂಕ, ಆಯ್ಕೆಗಳ ಲೆಕ್ಕ, ಬರೆದವರ ಸಂಖ್ಯೆ, ತಾರೀಖು ಬರೆದಿಡಿ. ಮುಂದಿನ ಬ್ಯಾಚ್‌ನಲ್ಲೂ ಅದೇ ಪ್ರಶ್ನೆ ಅದೇ ಥರ ಕೈಕೊಟ್ಟರೆ ಆಗ ತೆಗೆದುಹಾಕಿ, ಅದರ ಜಾಗಕ್ಕೆ ನೀಲನಕ್ಷೆಯ ಅದೇ ಚೌಕದಿಂದ ಇನ್ನೊಂದನ್ನು ಬರೆಯಿರಿ.