ಸಂಪಾದಕರ ಉತ್ತರ: ತಿಂಗಳಿಗೆ ಎಷ್ಟು ದಿನ ಕರೀತಾರೆ?

ಸಿರುಗುಪ್ಪದ ಓದುಗರೊಬ್ಬರು ಬರೆದಿದ್ದಾರೆ: "ನಮ್ಮ ತಂಗಿಗೆ ಮಧ್ಯಾಹ್ನದ ಸೀರಿಯಲ್‌ನಾಗ ನಾಯಕಿ ನಾದಿನಿ ಪಾರ್ಟು ಸಿಕ್ಕೈತ್ರೀ. ದಿನಕ್ಕ 3,000 ಕೊಡ್ತಾರಂತ. ಜಾತ್ರಿ ನಾಟಕದಾಗ ಚಲೋ ಮಾಡ್ತಿದ್ಲು. ಟೈಲರಿಂಗ್ ಬಿಟ್ಟು ಬೆಂಗಳೂರಿಗೆ ಹೋಗ್ತೀನಿ ಅಂತಾಳ. ಇದ್ರಾಗ ಬದುಕು ನಡಿತೈತೇನ್ರೀ?"

ನಡೆಯುತ್ತದೆ. ಆದರೆ ಹೊಲಿಗೆ ಮಷಿನ್ ಈಗಲೇ ಮಾರಬೇಡಿ. ದಿನಕ್ಕೆ ಎಷ್ಟು ಕೊಡುತ್ತಾರೆಂದು ಕೇಳಿದ್ದೀರಿ, ತಿಂಗಳಿಗೆ ಎಷ್ಟು ದಿನ ಕರೆಯುತ್ತಾರೆಂದು ಕೇಳಿಲ್ಲ. 14 ದಿನ ಕರೆದರೆ 42,000. ಕೊಡುವ ಮೊದಲೇ ಹಿಡಿದುಕೊಳ್ಳುವ ತೆರಿಗೆ, ಅಂದರೆ ಶೇ 10 ಟಿಡಿಎಸ್ ಹೋಗಿ ಕೈಗೆ 37,800. ಎಷ್ಟು ಜನ ನೋಡಿದರೆಂದು ಗುರುವಾರ ಬರುವ ಟಿಆರ್‌ಪಿ ಲೆಕ್ಕ ಇಳಿಯಿತೆನ್ನಿ, ಕಥೆ ಬೇರೆ ಕಡೆ ಹೊರಳಿ ನಾದಿನಿಯನ್ನು ಓದಲು ಪರಊರಿಗೆ ಕಳಿಸುತ್ತಾರೆ. ಆಗ 4 ದಿನ, ಕೈಗೆ 10,800. ತಮ್ಮ ನಟನೆಯೇ ಸರಿಯಿಲ್ಲವೆಂದು ಹುಡುಗಿಯರು ಕೊರಗುತ್ತಾರೆ. ಬಹಳ ಸಲ ಕಾರಣ ಅದಲ್ಲ. ಪೇಮೆಂಟ್ ಕೈಸೇರಲು ಎರಡು ಮೂರು ತಿಂಗಳು ಹಿಡಿಯುವುದೂ ಉಂಟು, ಅಷ್ಟು ಕಾಲದ ಬಾಡಿಗೆ, ಊಟದ ಹಣ ಮೊದಲೇ ಕೈಯಲ್ಲಿರಲಿ. ವರ್ಷದ ಆದಾಯ ತೆರಿಗೆ ಮಿತಿಯೊಳಗಿದ್ದರೆ ರಿಟರ್ನ್ ಸಲ್ಲಿಸಿ ಟಿಡಿಎಸ್ ವಾಪಸ್ ಪಡೆಯಬಹುದು.

ಅಗ್ರಿಮೆಂಟಿನಲ್ಲಿ ಕನಿಷ್ಠ ದಿನಗಳನ್ನೂ ಪೇಮೆಂಟ್ ಗಡುವನ್ನೂ ಬರೆಸಿಕೊಳ್ಳಿ. ಬೇರೆ ಚಾನೆಲ್‌ನಲ್ಲಿ ನಟಿಸಬಾರದೆಂದು ಅವರು ಕಟ್ಟಿಹಾಕಿಯೂ ಇಷ್ಟು ದಿನ ಕರೆಯುತ್ತೇವೆಂದು ಬರೆಯದಿದ್ದರೆ ಸಹಿ ಹಾಕಬೇಡಿ. ಪಾರ್ಟು ಕೊಡಿಸಲು ದುಡ್ಡು ಕೇಳುವವರನ್ನು ಹತ್ತಿರ ಬಿಟ್ಟುಕೊಳ್ಳಬೇಡಿ.

ಮಧ್ಯಾಹ್ನದ ಧಾರಾವಾಹಿಗೆ ಸಂಜೆಯದಕ್ಕಿಂತ ಬಜೆಟ್ ಕಡಿಮೆ, ಆದ್ದರಿಂದ ಒಂದೇ ದಿನದಲ್ಲಿ ಹೆಚ್ಚು ದೃಶ್ಯ ಮುಗಿಸುತ್ತಾರೆ. ಒಂದೇ ಮನೆಯ ಹಾಲ್‌ನಲ್ಲಿ ಬೇರೆ ಬೇರೆ ಎಪಿಸೋಡ್‌ಗಳ ದೃಶ್ಯಗಳನ್ನು ಒಟ್ಟಿಗೆ ತೆಗೆಯುತ್ತಾರೆ. ಬಾಗಿಲಾಚೆ ಹೋಗುವ ಶಾಟ್ ಇವತ್ತಾದರೆ, ಹೊರಗೆ ಬರುವ ಶಾಟ್ ಹತ್ತು ದಿನದ ಮೇಲೆ. ಅಲ್ಲಿ ಬಳೆ ಬಣ್ಣ ಬದಲಾದರೆ ಕಂಟಿನ್ಯುಟಿ, ಅಂದರೆ ಶಾಟ್‌ನಿಂದ ಶಾಟ್‌ಗೆ ಇರಬೇಕಾದ ಹೊಂದಿಕೆ, ಕೆಟ್ಟಿತು, ಮತ್ತೆ ತೆಗೆಯಬೇಕು, ಬೈಗುಳ ನಟಿಗೆ. ಪ್ರತಿ ದೃಶ್ಯ ಮುಗಿದ ಕೂಡಲೇ ಕಿವಿ, ಕೊರಳು, ಕೈ, ಜಡೆ, ಸೆರಗಿನ ಪಿನ್ ಕಾಣುವಂತೆ ಫೋಟೊ ತೆಗೆದು ಸೀನ್ ನಂಬರ್ ಬರೆದಿಡಲಿ. ಸಣ್ಣ ಪಾತ್ರದವರು ಎಷ್ಟೋ ಸಲ ಬಟ್ಟೆ ತಾವೇ ತರಬೇಕಾಗುತ್ತದೆ. ಒಮ್ಮೆ ಉಟ್ಟ ಸೀರೆಯನ್ನು ಆ ಟ್ರ್ಯಾಕ್ (ಕಥೆಯ ಆ ಭಾಗ) ಮುಗಿಯುವವರೆಗೆ ಯಾರಿಗೂ ಕೊಡಬಾರದು. ಹೊಲಿಗೆ ಬಲ್ಲ ನಿಮ್ಮ ತಂಗಿಗೆ ಇಲ್ಲಿ ದೊಡ್ಡ ಉಳಿತಾಯವಿದೆ.

ರಂಗಭೂಮಿಯ ಹೆಸರಾಂತ ಕಲಾವಿದರಾದ ಬಳ್ಳಾರಿ ರಾಘವ, ಸುಭದ್ರಮ್ಮ ಮನ್ಸೂರರ ನೆಲದವರಿಗೆ ದನಿ ತುಂಬಿ ಆಡುವುದನ್ನು ಕಲಿಸಬೇಕಿಲ್ಲ. ಕ್ಯಾಮೆರಾ ಎದುರು ಅದೇ ತೊಡಕು. ಕೊನೆ ಸಾಲಿಗೆ ಕೇಳಿಸುವ ದನಿ ಸೆರಗಿನೊಳಗಿನ ಮೈಕಿಗೆ ಒರಟು, ಹುಬ್ಬು ಕೊಂಚ ಏರಿದರೂ ಕ್ಲೋಸಪ್‌ನಲ್ಲಿ ಅತಿ. ಕೆಲವು ಸೆಟ್‌ಗಳಲ್ಲಿ ಸಹಾಯಕ ನಿರ್ದೇಶಕರು ಪಕ್ಕದಿಂದ ಸಂಭಾಷಣೆ ಹೇಳಿಕೊಡುತ್ತಾರೆ. ಅದನ್ನು ಕೇಳುತ್ತಲೇ ಎದುರಿನವರ ಮುಖ ನೋಡಿ ಆಡುವುದನ್ನು ಮೊಬೈಲ್ ಇಟ್ಟುಕೊಂಡು ಮನೆಯಲ್ಲೇ ರೂಢಿಸಿಕೊಳ್ಳಲಿ. 'ಹ'ಕಾರ, ಮಹಾಪ್ರಾಣ ಸರಿಹೋಗಲು ದಿನಾ ಪತ್ರಿಕೆಯನ್ನು ಗಟ್ಟಿಯಾಗಿ ಓದಲಿ. ಆದರೆ ನಮ್ಮ ಕಡೆಯ ಮಾತು ಮರೆಯಬಾರದು. ಈ ಸೀಮೆಯ ಪಾತ್ರ ಬಂದಾಗ ಅದನ್ನು ಸಹಜವಾಗಿ ಆಡುವವರು ಬೇಕೇ ಬೇಕು.

ಬಳ್ಳಾರಿಯಲ್ಲಿ ಹಂಪಿ ಎಕ್ಸ್‌ಪ್ರೆಸ್ ರಾತ್ರಿ ಹತ್ತಿದರೆ ಬೆಳಗ್ಗೆ ಬೆಂಗಳೂರು, ಓಡಾಡಿಕೊಂಡೇ ಮಾಡಬಹುದೆಂದು ಅನಿಸಬಹುದು. ಆಗುವುದಿಲ್ಲ. ನಾಳೆ ಎಷ್ಟು ಹೊತ್ತಿಗೆ ಬರಬೇಕೆಂಬ ಕಾಲ್‌ಶೀಟ್ ಇವತ್ತು ಸಂಜೆ ಬರುತ್ತದೆ. ಪರಿಚಿತ ಹೆಣ್ಣುಮಕ್ಕಳ ಜತೆ ಸೇರಿ ಸೆಟ್ಟಿಗೆ ಹತ್ತಿರ ಒಂದು ರೂಮು ನೋಡಿ, ರಾತ್ರಿ ಪ್ಯಾಕಪ್ ಆದಮೇಲೆ ಗಾಡಿಯಲ್ಲಿ ಬಿಡುತ್ತಾರೋ ಇಲ್ಲವೋ ಎಂಬುದನ್ನೂ ಸಹಿ ಮಾಡುವ ಮುಂಚೆಯೇ ಕೇಳಿಕೊಳ್ಳಿ.